ಸಂತ ಆಗ್ನೆಸಳ ಬಾಯಿ

ಕಣ್ಣು, ಮೂಗು, ಕೆನ್ನೆ ಎಲ್ಲ ಬೆಳಿಗ್ಗೆಯೇ ಮುಗಿದಿದ್ದವು. ಬಾಯಿಯೊಂದು ಉಳಿದಿತ್ತು. ಏಣಿಯ ಮೇಲೆ ಕೂತು ಫುಲ್ವಿಯೋ ಅದನ್ನೇ ನೋಡುತ್ತಿದ್ದ. ಅದು ಅವನ ಹೆಂಡತಿ ಜಿನೆವ್ರಾಳ ಬಾಯಿ. ಅವರ ಮದುವೆಗೆ ಮುಂಚೆ ಅವಳ ಅಪ್ಪ ಒರ್ತೆನ್ಸಿಯೋ, ಇಟಲಿಯ ಬೊಲೋನ್ಯಾ ಊರಿನ ಈ ಚಿಕ್ಕ ಚರ್ಚಿನ ಬಲಿಪೀಠದ ಮೇಲಿನ ಚಿತ್ರಕ್ಕೆ ಮಗಳನ್ನೇ ಎದುರು ಕೂರಿಸಿಕೊಂಡು ಸಂತ ಆಗ್ನೆಸಳನ್ನು ಬರೆದಿದ್ದ. ತೋಳಲ್ಲಿ ಕುರಿಮರಿ, ಏನೋ ಹೇಳಲು ಹೊರಟು ನಗು ತಡೆದುಕೊಂಡಂಥ ತುಟಿ. ಹೋದ ವರ್ಷ ಬಾಣಂತಿ ಜ್ವರ ಅವಳನ್ನು ಕೊಂಡೊಯ್ದಿತ್ತು. ಕೂಸೂ ಉಳಿಯಲಿಲ್ಲ.

ಈಗ, ಆ ಚರ್ಚು ಕಟ್ಟಿಸಿದ ಮನೆತನದ ಕೌಂಟ್ ದೊರೆಗೆ ಹೊಸ ಮದುವೆ. ಹೊಸ ಹೆಂಡತಿ ಪ್ರಾರ್ಥನೆಗೆ ಮಂಡಿಯೂರಿದಾಗ ಸಂತಳ ಮುಖದಲ್ಲಿ ಅವಳ ಮುಖವೇ ಕಾಣಬೇಕೆಂದು ಅವನ ಆಸೆ. ಮೊದಲು ಮುದುಕನನ್ನೇ ಕರೆಸಿದ. ಒರ್ತೆನ್ಸಿಯೋ "ಆಗದು" ಎಂದಷ್ಟೇ ಹೇಳಿ ಟೋಪಿ ಹಾಕಿಕೊಂಡು ಹೊರಟುಬಂದ. ಆಮೇಲೆ ಕರೆ ಬಂದದ್ದು ಅಳಿಯನಿಗೆ. ಕೌಂಟ್ ಅವನೊಂದಿಗೆ ಸಂತಳ ಮಾತು ಕಡಿಮೆ ಆಡಿದ, ಅರಮನೆಯ ದೊಡ್ಡ ಹಜಾರದ ಚಾವಣಿಗೆ ಬರೆಸಬೇಕಿದ್ದ ಚಿತ್ರಗಳ ಮಾತು ಹೆಚ್ಚು ಆಡಿದ. ಆ ಚಾವಣಿ ಬರೆದವನ ಹೆಸರು ರೋಮಿನವರೆಗೂ ಹೋಗುತ್ತದೆ. ಫುಲ್ವಿಯೋ ಅಲ್ಲಿಯವರೆಗೆ ಮಾವನ ಚಿತ್ರಗಳಲ್ಲಿ ಮೋಡ, ಬಟ್ಟೆಯ ನೆರಿಗೆ ಬರೆದೇ ಕಾಲ ಕಳೆದಿದ್ದವನು. ತಲೆಯಾಡಿಸಿ ಬಂದ. ಮಾವನಿಗೆ ಹೇಳಲಿಲ್ಲ. ಹೇಳಲು ಊರಲ್ಲಿ ಬೇರೆ ಜನ ಇದ್ದರು.

ಮಧ್ಯಾಹ್ನ ಬಾಗಿಲು ದೂಡಿಕೊಂಡು ಒರ್ತೆನ್ಸಿಯೋ ಒಳಗೆ ಬಂದ.

"ಇಳಿ ಕೆಳಗೆ."

ಫುಲ್ವಿಯೋ ಇಳಿದ. ಕೆನ್ನೆಗೆ ಬೀಳುವ ಏಟಿಗೆ ಆಗಲೇ ಸಿದ್ಧನಾಗಿದ್ದ. "ಮಾವ, ನಾನು ಒಪ್ಪದೇ ಇದ್ದಿದ್ರೆ ಪಕ್ಕದೂರು ಮೊದೇನಾದಿಂದ ಇನ್ಯಾರನ್ನೋ ಕರೆಸ್ತಿದ್ರು. ಅವನು ಕೆರೆದು ಹಾಕ್ತಿದ್ದ. ನಾನು ಕೆರೆದಿಲ್ಲ, ಮೇಲೆ ಬಳಿದಿದೀನಿ ಅಷ್ಟೇ. ಅಡೀಲಿ ಅವಳು ಹಾಗೇ ಇದಾಳೆ."

"ಮಣ್ಣಿನ ಅಡೀಲೂ ಇದಾಳೆ. ಹೋಗಿ ಮಾತಾಡಿಸ್ಕೊಂಡು ಬಾ."

ಮುದುಕ ಹಿಂದೆ ಹಿಂದೆ ಸರಿದು, ಕಣ್ಣು ಕಿರಿದು ಮಾಡಿ ಚಿತ್ರವನ್ನು ಬಹಳ ಹೊತ್ತು ನೋಡಿದ. "ಬಾಯಿ ಯಾಕೆ ಬಿಟ್ಟಿದೀಯ?"

"ಕೈ ಬರಲಿಲ್ಲ."

"ಕಣ್ಣಿಗೆ ಬಂತು, ಮೂಗಿಗೆ ಬಂತು. ಬಾಯಿಗೆ ಬರಲಿಲ್ವೋ?"

"ಅಷ್ಟಾದ್ರೂ ಉಳೀಲಿ ಅಂತ, ಮಾವ. ಬೇರೆ ಯಾರಿಗೂ ಗೊತ್ತಾಗಲ್ಲ. ನಮ್ಮಿಬ್ಬರಿಗೆ ಮಾತ್ರ."

"ಗೊತ್ತಾಗಲ್ವಾ? ಸರಿಯಾಗಿ ನೋಡು. ಆ ಹುಡುಗಿ ಮೂತಿಗೆ ಈ ನಗು ಅಂಟಿಸಿದ್ರೆ ಹಲ್ಲುನೋವು ಬಂದೋಳ ಹಾಗೆ ಕಾಣ್ತಾಳೆ. ಭಾನುವಾರ ಊರೆಲ್ಲ ಬಂದು ಇಲ್ಲಿ ಕೂರುತ್ತೆ. ನೋಡಿ ಕಿಸಿಕಿಸಿ ನಗ್ತಾರೆ. ಯಾವುದನ್ನ ನೋಡಿ ನಗ್ತಾರೆ ಹೇಳು? ನನ್ನ ಮಗಳ ಬಾಯಿ ನೋಡಿ."

ಫುಲ್ವಿಯೋ ತಿರುಗಿ ನೋಡಿದ. ಮುದುಕ ಹೇಳಿದ್ದು ನಿಜವಾಗಿತ್ತು. ಬೆಳಗಿನಿಂದ ಅಷ್ಟು ಹತ್ತಿರ ಕೂತಿದ್ದವನಿಗೆ ಅದು ಕಂಡಿರಲಿಲ್ಲ.

ಒರ್ತೆನ್ಸಿಯೋ ಮೇಲಂಗಿ ಕಳಚಿ ಬೆಂಚಿನ ಮೇಲೆ ಎಸೆದ. "ಕುಂಚ ಕೊಡು. ಸಣ್ಣದು."

"ಬೇಡ ಮಾವ. ನೀವು ಬೇಡ. ನಾನೇ ಹೇಗಾದ್ರೂ..."

"ನಿನಗೆ ಬಾಯಿ ಬರೆಯೋಕೆ ಯಾವತ್ತು ಬಂದಿದೆ?"

ಮುದುಕ ಏಣಿ ಹತ್ತಿದ. ಚೌಕಟ್ಟಿಗೆ ಸಿಕ್ಕಿಸಿದ್ದ, ಕೌಂಟನ ಹೆಂಡತಿಯ ಇದ್ದಿಲಿನ ಚಿತ್ರವನ್ನು ಒಮ್ಮೆ ನೋಡಿದ. ತುಟಿಯ ಮೂಲೆಗೆ ಕುಂಚ ಇಟ್ಟ. ಒಂದು ಗಳಿಗೆಯಾದರೂ ತಡೆಯುತ್ತಾನೆ ಎಂದುಕೊಂಡಿದ್ದ ಫುಲ್ವಿಯೋ. ತಡೆಯಲಿಲ್ಲ. ಯಾರದೋ ಮನೆಯ ಯಾವುದೋ ಚಿತ್ರ ಎಂಬಂತೆ ಕೆಲಸಕ್ಕೆ ಇಳಿದುಬಿಟ್ಟ, ಗೊಣಗುತ್ತಲೇ. "ಏನು ಕೆಂಪು ಕಲಸಿದೀಯೋ! ಇವಳೇನು ದ್ರಾಕ್ಷಾರಸ ಕುಡಿದು ಎದ್ದು ಬಂದಿದಾಳಾ? ಬಿಳಿ ಕೊಡು." ಮೊದಲು ಆ ತಡೆದುಕೊಂಡ ನಗು ಹೋಯಿತು. ಆಮೇಲೆ ಮೇಲ್ದುಟಿ. ಕೆಳದುಟಿ ಹೋಗುವಾಗ ಫುಲ್ವಿಯೋ ಮುಖ ತಿರುಗಿಸಿ ನಿಂತ.

ಮತ್ತೆ ನೋಡಿದಾಗ ಚಿತ್ರಕ್ಕೆ ಉಸಿರು ಬಂದಿತ್ತು. ತಾನು ಬೆಳಗಿನಿಂದ ಬರೆದಿದ್ದ ಕಣ್ಣು, ಮೂಗು ಕೂಡ ಆ ಬಾಯಿಯಿಂದಾಗಿ ಒಬ್ಬಳದೇ ಮುಖವಾಗಿ ಕೂಡಿಕೊಂಡಿದ್ದವು. ಮುದುಕ ಇಳಿದು ಬಂದು, ಕುಂಚವನ್ನು ಅಳಿಯನ ಕೈಗಿಟ್ಟು, ಚಿಂದಿಗೆ ಬೆರಳು ಒರೆಸಿಕೊಳ್ಳತೊಡಗಿದ.

ಅಷ್ಟರಲ್ಲಿ ಕೌಂಟನ ಹೆಂಡತಿಯೇ ಆಳುಮಗಳೊಂದಿಗೆ ಬಂದಳು. ಇನ್ನೂ ಎಳೆಯ ಹುಡುಗಿ. ನೋಡಿದ್ದೇ ಎರಡೂ ಕೈ ಕೆನ್ನೆಗೆ ಒತ್ತಿಕೊಂಡಳು. "ಅಯ್ಯೋ, ನಾನೇ! ಬಾಯಿ ನೋಡೇ, ಈಗ ಮಾತಾಡೋ ಹಾಗಿದೆ." ಫುಲ್ವಿಯೋನ ಕೈಯಲ್ಲಿನ ಕುಂಚ ನೋಡಿ ಕೇಳಿದಳು, "ಎಲ್ಲಾ ನಿಮ್ಮ ಕೈಯದೇನಾ?"

ಫುಲ್ವಿಯೋ ಮಾವನತ್ತ ನೋಡಿದ. ಮುದುಕ ಬೆನ್ನು ತಿರುಗಿಸಿ ಮೇಲಂಗಿಯ ಗುಂಡಿ ಹಾಕಿಕೊಳ್ಳುತ್ತಿದ್ದ.

"ಹೌದು ದೊರೆಸಾನಿ. ನನ್ನದೇ."

"ಹಾಗಾದ್ರೆ ಚಾವಣಿ ನಿಮಗೇ. ಅವರಿಗೆ ಇವತ್ತೇ ಹೇಳ್ತೀನಿ."

"ಹೇಳಿ ತಾಯಿ," ಒರ್ತೆನ್ಸಿಯೋ ಟೋಪಿ ತೆಗೆದುಕೊಳ್ಳುತ್ತ ಅಂದ. "ಪಳಗಿದ ಕೈ. ಏನು ಮಾಡೋಕೂ ಅಂಜಲ್ಲ." ಬಲಿಪೀಠದತ್ತ ತಿರುಗಿಯೂ ನೋಡದೆ, ಎದೆಯ ಮೇಲೆ ಶಿಲುಬೆಯ ಗುರುತೂ ಹಾಕಿಕೊಳ್ಳದೆ ಹೊರಗೆ ಹೋದ.

ಹೆಂಗಸರೂ ಹೋದ ಮೇಲೆ ಫುಲ್ವಿಯೋ ಬಣ್ಣದ ಬಟ್ಟಲುಗಳನ್ನು ಜೋಡಿಸಿಕೊಂಡ. ಮನೆಗೆ ಹೋದೊಡನೆ ಜಿನೆವ್ರಾಳ ಮುಖವನ್ನು ಒಂದು ಹಲಗೆಯ ಮೇಲೆ ತಾನೇ ಬರೆದಿಟ್ಟುಕೊಳ್ಳಬೇಕು ಅನ್ನಿಸಿತು. ಅಲ್ಲೇ ಬೆಂಚಿನ ಮೇಲೆ ಕೂತು ಕಣ್ಣು ಮುಚ್ಚಿದ. ಹಣೆ ಬಂತು. ಕಣ್ಣು ಬಂತು. ಬಾಯಿಯ ಜಾಗಕ್ಕೆ ದೊರೆಸಾನಿಯ ಬಾಯಿ ಬಂದು ಕೂತಿತು. ಏನು ಮಾಡಿದರೂ ಏಳಲಿಲ್ಲ.