ಮೂರು ಗೆರೆಯ ಬಿಲ್ಲೆ

"ಅರೆಬೆಂದದ್ದು ಬೇಕಾ? ಏನ್ ಸ್ವಾಮಿ ನೀವು! ಹೆಂಗಸ್ರು ಗಡಿಗೆ ತಗೊಳ್ಳೋಕೆ ಬಂದ್ರೆ ಬೆರಳಲ್ಲಿ ಕುಟ್ಟಿ ನೋಡ್ತಾರೆ. ಠಣ್ ಅಂದ್ರೆ ವ್ಯಾಪಾರ, ಥಪ್ ಅಂದ್ರೆ ಬೈಗುಳ. ನೀವು ನೋಡಿದ್ರೆ ಥಪ್ ಅನ್ನೋದೇ ಬೇಕು ಅಂತೀರಲ್ಲ!"

ಕುಂಬಾರರ ಉಚ್ಚಂಗಮ್ಮನ ದನಿ ಅಜ್ಜಂಪುರದ ರೈಲ್ವೆ ಗೇಟಿನವರೆಗೂ ಕೇಳುವಂಥದ್ದು. ಓಂಕಾರಮೂರ್ತಿ ಅತ್ತಿತ್ತ ನೋಡಿದ.

"ಮೆತ್ತಗೆ ಮಾತಾಡಮ್ಮ. ಎರಡು ಬುಟ್ಟಿ ಬಿಲ್ಲೆ. ನಂದು ಅರೆಬೆಂದದ್ದು, ಮೇಲೆ ಮೂರು ಗೆರೆ ಇರಲಿ. ರಂಗಪ್ಪಂದು ಚೆನ್ನಾಗಿ ಬೆಂದಿರಲಿ. ಅದಕ್ಕೆ ಗೆರೆ ಬೇಡ."

"ಗೆರೆ ತಾನೇ? ಎಳೆದುಕೊಡ್ತೀನಿ ಬಿಡಿ," ಎಂದು ಉಚ್ಚಂಗಮ್ಮ ಮತ್ತೆ ತಿಗರಿ ತಿರುಗಿಸಿದಳು.

ಕೋವಿ ಲೈಸೆನ್ಸ್ ಇರುವ ತೋಟದವರೆಲ್ಲ ಸೇರಿ ವರ್ಷಕ್ಕೊಮ್ಮೆ ಹಿರೇನಲ್ಲೂರಿನ ಬಯಲಲ್ಲಿ ನಡೆಸುವ ಸ್ಪರ್ಧೆಗೆ ಬೇಕಾದ ಬಿಲ್ಲೆಗಳು ಅವು. ಸ್ಪ್ರಿಂಗ್ ಯಂತ್ರ ಮಣ್ಣಿನ ಬಿಲ್ಲೆಯನ್ನು ಮೇಲಕ್ಕೆ ಎಸೆಯುತ್ತದೆ. ಅದು ನೆಲ ಮುಟ್ಟುವುದರೊಳಗೆ ಗುಂಡು ಹಾರಿಸಿ ಒಡೆಯಬೇಕು. ಬಿಲ್ಲೆಗಳು ಬೆಂಗಳೂರಿನಿಂದ ಬರುತ್ತಿದ್ದವು. ಈ ಸಲ ಬಸ್ಸಿನ ಟಾಪಿನ ಮೇಲೆ ಬಂದ ಪೆಟ್ಟಿಗೆಯನ್ನು ತರೀಕೆರೆ ಬಸ್‌ಸ್ಟ್ಯಾಂಡಿನಲ್ಲಿ ಬಿಚ್ಚಿದರೆ, ಒಂದೂ ಗುಂಡಿಲ್ಲದೆ ಅಷ್ಟೂ ಒಡೆದಿದ್ದವು. ಉಚ್ಚಂಗಮ್ಮನಿಗೆ ಹೇಳಿ ಮಾಡಿಸುವ ಕೆಲಸವನ್ನು ಓಂಕಾರಮೂರ್ತಿ ತಾನಾಗಿ ಹೊತ್ತುಕೊಂಡ. ಎಂಥ ಒಳ್ಳೆಯ ಮನುಷ್ಯ ಎಂದರು ಎಲ್ಲರೂ.

ಒಳ್ಳೆಯತನಕ್ಕೆ ಕಾರಣ ಅವನ ಮೂಗಿನ ಕೆಳಗೇ ಇತ್ತು. ಸೋತವನು ಮೀಸೆ ಬೋಳಿಸಬೇಕು ಎಂದು ಅವನೂ ಹಿರೇನಲ್ಲೂರಿನ ರಂಗಪ್ಪನೂ ಹತ್ತು ಜನರೆದುರು ಪಂಥ ಕಟ್ಟಿದ್ದರು. ಓಂಕಾರಮೂರ್ತಿಯ ಮೀಸೆ ಸಾಮಾನ್ಯದ್ದಲ್ಲ. ಅದರ ಅಡಿಯಲ್ಲಿ ತುಟಿ ಹೇಗಿದೆಯೆಂದು ಹೆಂಡತಿ ತೀರ್ಥಮ್ಮನೇ ಈವರೆಗೆ ಕಂಡಿರಲಿಲ್ಲ.

ಬುಟ್ಟಿಗಳು ಬಂದವು. ಹಣೆಯ ವಿಭೂತಿಯಂತೆ ಮೂರು ಬಿಳಿ ಗೆರೆ ಹೊತ್ತ ಬಿಲ್ಲೆಗಳನ್ನು ನೋಡಿ ಓಂಕಾರಮೂರ್ತಿಯ ಎದೆ ತಂಪಾಯಿತು. ಯಾರು ನೋಡಿದರೂ ಶಿವಭಕ್ತನ ಬುಟ್ಟಿ ಎನ್ನಬೇಕು. ರಂಗಪ್ಪ ದಿನಾ ಬೆಳಿಗ್ಗೆ ಅಭ್ಯಾಸ ಮಾಡುತ್ತಿದ್ದಾನೆಂಬ ಸುದ್ದಿ ಬಂದಾಗ ನಕ್ಕುಬಿಟ್ಟ. ತಾನು ಕೋವಿಯನ್ನು ಗೂಟದಿಂದ ಇಳಿಸಲೂ ಇಲ್ಲ.

ಸ್ಪರ್ಧೆಯ ದಿನ ರಂಗಪ್ಪನ ಸರದಿ ಮೊದಲು. ಬಿಲ್ಲೆ ಎಸೆಯುವ ಯಂತ್ರದ ಬಳಿಯಿದ್ದ ಕಾಂತರಾಜು ಮೂರು ಗೆರೆಯ ಬುಟ್ಟಿಗೆ ಕೈ ಹಾಕಿದ.

"ಲೇ! ಅದು ನಂದು ಕಣೋ! ವಿಭೂತಿ ಕಾಣಲ್ವಾ?"

"ವಿಭೂತಿ ಎಲ್ಲೈತಣ್ಣ? ನಾಮ ಅಲ್ವಾ ಇದು, ರಂಗಪ್ಪನೋರದ್ದು?"

"ಅಡ್ಡ ಗೆರೆ ಕಣೋ!"

ಕಾಂತರಾಜು ಬಿಲ್ಲೆಯನ್ನು ತಿರುಗಿಸಿದ. "ಈಗ ಅಡ್ಡ." ಇನ್ನಷ್ಟು ತಿರುಗಿಸಿದ. "ಈಗ ಉದ್ದ. ದುಂಡಗಿರೋದಕ್ಕೆ ತಲೆ ಯಾವ್ದು, ಬುಡ ಯಾವ್ದು, ನೀವೇ ಹೇಳಿ."

ಬಯಲೆಲ್ಲ ನಕ್ಕಿತು. ಹಣೆಯ ಮೇಲಿನ ನಾಮ ಸುಕ್ಕಾಗುವಂತೆ ರಂಗಪ್ಪನೂ ನಕ್ಕ. "ಓಂಕಾರಣ್ಣ, ಮಣ್ಣು ಮಣ್ಣೇ ಅಲ್ವೇನಪ್ಪಾ? ಬೇಕಾದ್ರೆ ನೀನೇ ಇಟ್ಕೊ. ಅದೇ ಯಾಕೆ ಬೇಕು ಅಂತ ಮಾತ್ರ ಹೇಳ್ಬಿಡು."

ಓಂಕಾರಮೂರ್ತಿ ಮೀಸೆಯನ್ನೊಮ್ಮೆ ಸವರಿಕೊಂಡು, ಗೆರೆಯ ಬುಟ್ಟಿಯನ್ನು ತಾನೇ ಕಾಂತರಾಜುವಿನತ್ತ ತಳ್ಳಿದ.

ರಂಗಪ್ಪ "ಬಿಡು!" ಎಂದಾಗಲೆಲ್ಲ ಆಕಾಶದಲ್ಲಿ ಕೆಂಪು ಧೂಳು. ಒಂದೇ ಒಂದು ಬಿಲ್ಲೆ ತಪ್ಪಿಸಿಕೊಂಡಿತು. ಅರೆಬೆಂದದ್ದು, ಕಾಗೆ ರೆಕ್ಕೆ ಬಡಿದರೂ ಒಡೆಯುತ್ತದೆ ಎಂದು ಓಂಕಾರಮೂರ್ತಿ ಹಲ್ಲು ಕಡಿದ. ತನ್ನ ಸರದಿ ಬಂದಾಗ ಒಲ್ಲದ ಮನಸ್ಸಿನಿಂದ ಕೋವಿ ಎತ್ತಿದ. ಕಲ್ಲಿನಂಥ ಬಿಲ್ಲೆಗೆ ಗುರಿಯಿಟ್ಟು ಮಾಡುವುದೇನು? ಅರ್ಧಕ್ಕರ್ಧ ಹಾಗೇ ಹೋಗಿ ಉತ್ತ ಹೊಲದಲ್ಲಿ ಮೆತ್ತಗೆ ಬಿದ್ದವು.

"ತಾಗ್ತು! ಒಡೀಲಿಲ್ಲ ಅಷ್ಟೇ! ನೋಡಿದ್ರಲ್ಲ?" ಎಂದು ಕೂಗಿದ. ಯಾರೂ ನೋಡಿರಲಿಲ್ಲ.

ಸಂಜೆ ಕ್ಷೌರದಂಗಡಿಯಿಂದ ಹೊರಬಂದವನ ಚೀಲಕ್ಕೆ ರಂಗಪ್ಪ ತನ್ನಿಂದ ತಪ್ಪಿಸಿಕೊಂಡ ಬಿಲ್ಲೆಯನ್ನು ಹಾಕಿದ. "ನೆನಪಿಗಿರಲಿ. ಅಡ್ಡ ಇಟ್ಕೋತೀಯೋ, ಉದ್ದ ಇಟ್ಕೋತೀಯೋ ನಿನ್ನಿಷ್ಟ." ಚೀಲದಲ್ಲಿ ಆಗಲೇ ಇನ್ನೊಂದಿತ್ತು. ಗುಂಡು ತಾಗಿಯೂ ಒಡೆಯದ್ದು ಎಂದು ತೋರಿಸಲು ಓಂಕಾರಮೂರ್ತಿಯೇ ಹೊಲದಿಂದ ಆರಿಸಿಕೊಂಡದ್ದು.

ಬಾಗಿಲು ತೆರೆದ ತೀರ್ಥಮ್ಮ, "ಅವ್ರು ಮನೇಲಿಲ್ಲ, ಹಿರೇನಲ್ಲೂರಿಗೆ ಹೋಗವ್ರೆ," ಎಂದಳು. ಆಮೇಲೆ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. "ಅಯ್ಯೋ ಶಿವನೇ! ನೀವಾ?"

ಓಂಕಾರಮೂರ್ತಿ ಜಗಲಿಯ ಮೇಲೆ ಕುಸಿದು ಎಲ್ಲ ಹೇಳಿಕೊಂಡ. "ಇದು ಕಲ್ಲಿನಂಥದ್ದು, ನನ್ನ ಪಾಲಿಗೆ ಬಂದದ್ದು. ಇದು ಗೆರೆಯದು, ಅರೆಬೆಂದದ್ದು. ಗೆದ್ದಿದ್ದು ರಂಗಪ್ಪ ಅಲ್ಲ ಕಣೇ, ಹಸಿ ಮಣ್ಣು!"

"ಅರೆಬೆಂದದ್ದಾ? ಉಚ್ಚಂಗಮ್ಮ ಕೊಟ್ಟಳಾ?"

ತೀರ್ಥಮ್ಮ ಗೆರೆಯಿಲ್ಲದ ಬಿಲ್ಲೆಯನ್ನು ಕಿವಿಯ ಹತ್ತಿರ ಹಿಡಿದು ಬೆರಳಲ್ಲಿ ಕುಟ್ಟಿದಳು. ಠಣ್.

ಮೂರು ಗೆರೆಯದನ್ನು ಕುಟ್ಟಿದಳು. ಠಣ್. ಗಂಡನ ಬೋಳು ತುಟಿಯನ್ನೊಮ್ಮೆ ನೋಡಿ ಒಳಗೆ ಹೋದವಳು, ಅದನ್ನು ಮೊಸರಿನ ಗಡಿಗೆಗೆ ಮುಚ್ಚಳವಾಗಿಟ್ಟಳು.