ಹೆಸರೊಂದು, ಹೆಗಲೆರಡು

ಪುಸ್ತಕ ಬರೆದವರ ಸಂಗತಿ ಹೇಳಲು ನನ್ನಂಥವರು ಬಾಯಿ ಹಾಕಬಾರದು. ಆದರೂ ಹೇಳುತ್ತಿದ್ದೇನೆ; ಎಲ್ಲಾದರೂ ತಪ್ಪಿದರೆ ತಿಳಿದವರು ಮನ್ನಿಸಬೇಕು.

ಕಾದಂಬರಿ ಮೇಷ್ಟ್ರು ಪುರಸಭೆಯ ಮೆಟ್ಟಿಲು ಹತ್ತುವಾಗ ಅವರ ಕೈಚೀಲದಲ್ಲಿ ಟವೆಲ್ಲು, ಸೋಪು, ಒಂದು ಜೊತೆ ಬಟ್ಟೆ ಇದ್ದವು. ಹಿಡಿದು ಕೂರಿಸಿದರೆ ಬೇಕಾಗುತ್ತದೆ ಎಂದು ಅವರೇ ತುಂಬಿಕೊಂಡಿದ್ದರು. ಹೆಂಡತಿ ಅದಕ್ಕೆ ನೆಗಡಿ ಮಾತ್ರೆ ಸೇರಿಸಿ, "ಬರ್ತಾ ಹಾಲು ತನ್ನಿ" ಎಂದಿದ್ದರು. ಸೆರೆಮನೆಗೆ ಹೊರಟವರಿಗೆ ಹೇಳುವ ಮಾತೇ ಅದು?

ಆಗಿದ್ದಿಷ್ಟು. ಊರಿನ ವಾಚನಾಲಯಕ್ಕೆ ಪುರಸಭೆಯಿಂದ ಆದೇಶ ಬಂದಿತ್ತು: ಇಂಥವರು ಬರೆದ ಪುಸ್ತಕ ಅಧ್ಯಕ್ಷರ ಘನತೆಗೆ ಕುಂದು ತರುವಂಥದ್ದು, ಕೂಡಲೇ ತೆಗೆಯತಕ್ಕದ್ದು. ಬರೆದವರ ಹೆಸರಿತ್ತು, ಪುಸ್ತಕದ ಹೆಸರಿರಲಿಲ್ಲ. ಆ ಹೆಸರಿನವರು ಊರಲ್ಲಿ ಇಬ್ಬರು, ಇಬ್ಬರದೂ ಒಂದೊಂದು ಪುಸ್ತಕ. ಮೇಷ್ಟ್ರದು 'ಗದ್ದುಗೆಗೆ ಗೆದ್ದಲು', ಊರನ್ನೇ ತಿಂದು ತೇಗಿದ ಅಧ್ಯಕ್ಷನೊಬ್ಬನ ಕಾದಂಬರಿ. ಇನ್ನೊಬ್ಬ ಪುರಸಭೆಯ ನೀರಿನ ವಿಭಾಗದ ನೌಕರ. ಅವನದು 'ನಿಮ್ಮ ಮನೆಯ ನಲ್ಲಿ', ರಿಪೇರಿಯ ಕೈಪಿಡಿ. ಜನ ಅವನನ್ನು ಕೊಳಾಯಿಯಣ್ಣ ಎಂದೇ ಕರೆಯುತ್ತಿದ್ದರು. ವಾಚನಾಲಯದವರು ಯಾಕೆ ಬೇಕು ರಗಳೆ ಎಂದು ಎರಡೂ ಪುಸ್ತಕಗಳನ್ನು ಬೀರುವಿನೊಳಗಿಟ್ಟು ಬೀಗ ಹಾಕಿದರು.

ಪುರಸಭೆ ಅಷ್ಟಕ್ಕೇ ಬಿಡಲಿಲ್ಲ. ಕೊಳಾಯಿಯಣ್ಣನನ್ನು ಕೆಲಸದಿಂದ ಅಮಾನತು ಮಾಡಿತು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂದು ಊರು ಆಡಿಕೊಂಡಿತು.

ಮೇಷ್ಟ್ರಿಗೆ ನಿದ್ದೆ ಹತ್ತಲಿಲ್ಲ. ತನ್ನ ದೆಸೆಯಿಂದ ಒಬ್ಬ ಬಡಪಾಯಿಯ ಅನ್ನಕ್ಕೆ ಕಲ್ಲು ಬಿತ್ತಲ್ಲ ಎಂಬ ಸಂಕಟ ಒಂದು ಪಾಲು. ಇನ್ನೊಂದು ಪಾಲನ್ನು ಅವರು ಹೆಂಡತಿಗೂ ಹೇಳಿರಲಿಲ್ಲ. ಕಾದಂಬರಿ ಹೊರಬಂದಾಗ ಊರಲ್ಲಿ ಒಂದು ನಾಯಿಯೂ ಬೊಗಳಿರಲಿಲ್ಲ. ಈಗ ಬೊಗಳಿದೆ, ಅದೂ ಬೇರೆಯವನನ್ನು ನೋಡಿ.

ಹೀಗೆ ಕೈಚೀಲ ಹಿಡಿದು ಮೆಟ್ಟಿಲು ಹತ್ತಿದವರು ನೇರ ಪುರಸಭೆಯ ಕಾರ್ಯದರ್ಶಿಗಳ ಕೋಣೆಗೆ ಹೋದರು. ಅಲ್ಲಿಂದ ಅಧ್ಯಕ್ಷರ ಕೋಣೆಗೆ ಇದ್ದ ಬಾಗಿಲು ತೆರೆದಿತ್ತು. ಅಧ್ಯಕ್ಷರು ಇರಲಿಲ್ಲ. ಮೇಜಿನ ಪಕ್ಕದಲ್ಲಿ 'ಗದ್ದುಗೆಗೆ ಗೆದ್ದಲು' ಪ್ರತಿಗಳ ರಾಶಿ, ಒಂದೊಂದಕ್ಕೂ ಕೆಂಪು ರಿಬ್ಬನ್ನು. ಜಪ್ತಿ ಮಾಡಿದ್ದನ್ನು ಹೀಗೇ ಕಟ್ಟಿಡುತ್ತಾರೇನೋ ಎಂದುಕೊಂಡರು ಮೇಷ್ಟ್ರು. ಎದೆ ಸ್ವಲ್ಪ ಉಬ್ಬಿತು.

ಆ ಪುಸ್ತಕ ತನ್ನದು, ಕೊಳಾಯಿಯಣ್ಣನಿಗೂ ಅದಕ್ಕೂ ಸಂಬಂಧವಿಲ್ಲ ಎಂದು ನಿಂತೇ ಹೇಳಿದರು. ಕಾರ್ಯದರ್ಶಿಗಳು ಹೆಸರು ಕೇಳಿ, ಆದೇಶದ ಜೊತೆ ತಾಳೆ ನೋಡಿ, ಹೆಸರೇನೋ ಸರಿಯಿದೆ ಎಂದರು. ಆದರೆ ಬಾಯಿಮಾತು ಸಾಲದು. ಅಧ್ಯಕ್ಷರು ಕೆಂಪು ಗೀಟು ಹಾಕಿದ ಸಾಲುಗಳನ್ನೂ ಒಪ್ಪಿಕೊಳ್ಳಬೇಕು. ಒಂದು ಹಾಳೆ ತೆಗೆದು ಓದಿದರು.

"'ಕೊಳಕು ಬರುವುದು ಮೇಲಿನಿಂದ. ಕೆಳಗೆ ಎಷ್ಟು ತಿಕ್ಕಿದರೂ ಪ್ರಯೋಜನವಿಲ್ಲ.' ಇದು ನಿಮ್ದೇನಾ?"

ಮೇಷ್ಟ್ರಿಗೆ ಬರೆದ ನೆನಪಿರಲಿಲ್ಲ. ಆದರೆ ಇಷ್ಟು ಚೆನ್ನಾಗಿರುವುದು ಬೇರೆ ಯಾರದಿರಲು ಸಾಧ್ಯ? "ನಂದೇ."

"'ಬಹಳ ಕಾಲ ಕೂತದ್ದು ಸವೆದಿರುತ್ತದೆ. ಮುಲಾಜಿಲ್ಲದೆ ಕಿತ್ತು ಹೊಸದನ್ನು ಕೂರಿಸಿ.'"

"ಅದೂ ನಂದೇ. ಬೇಕಾದ್ರೆ ಇನ್ನೊಂದ್ಸಲ ಓದಿ."

ಕಾರ್ಯದರ್ಶಿಗಳು ಓದಲಿಲ್ಲ. ಮೇಲಿನಿಂದ ಎಂದರೆ ಎಲ್ಲಿಂದ ಎಂದು ಕೇಳಿದರು. ಮೇಷ್ಟ್ರು ತೆರೆದ ಬಾಗಿಲತ್ತ ನೋಡಿ, ಅರ್ಥವಾಗಬೇಕಾದವರಿಗೆ ಆಗಿದೆಯಲ್ಲ ಎಂದರು. ಅದನ್ನೂ ಬರೆದುಕೊಂಡು ಕೆಳಗೆ ಸಹಿ ಹಾಕಿಸಿಕೊಂಡದ್ದಾಯಿತು. ಕೊಳಾಯಿಯಣ್ಣ ನಾಳೆಯೇ ಕೆಲಸಕ್ಕೆ ಬರಬಹುದು. ಪುಸ್ತಕದ ಮೇಲಿನ ನಿಷೇಧ ಕಾಯಂ. ಮೇಷ್ಟ್ರು ಮನೆಗೆ ಹೋಗಬಹುದು. ಟವೆಲ್ಲು ಸೋಪಿಗೆ ಕೆಲಸ ಬೀಳಲಿಲ್ಲವೆಂದು ಅವರಿಗೆ ಒಳಗೊಳಗೇ ಬೇಸರವಾಯಿತು.

ಹೊರಗೆ ಬೆಂಚಿನ ಮೇಲೆ ಕೊಳಾಯಿಯಣ್ಣ ಕೂತಿದ್ದ. ಅಮಾನತಾದಾಗಿನಿಂದ ದಿನವೂ ಅಲ್ಲೇ ಬಂದು ಕೂರುತ್ತಿದ್ದ. ಮೇಷ್ಟ್ರು ಅವನ ಹೆಗಲ ಮೇಲೆ ಕೈಯಿಟ್ಟು, ನಾಳೆಯಿಂದ ಕೆಲಸಕ್ಕೆ ಬಾ, ಎಲ್ಲವನ್ನೂ ನನ್ನ ಮೇಲೆ ಹಾಕಿಕೊಂಡಿದ್ದೇನೆ, ಸಾಲು ಸಮೇತ ಒಪ್ಪಿಕೊಂಡಿದ್ದೇನೆ ಎಂದರು.

"ಯಾವ ಸಾಲು, ಮೇಷ್ಟ್ರೇ?"

ಮೇಷ್ಟ್ರು ಎರಡನ್ನೂ ಹೇಳಿದರು, ತುಸು ದೊಡ್ಡ ದನಿಯಲ್ಲೇ.

ಕೊಳಾಯಿಯಣ್ಣ ಕೆಮ್ಮಿದ. "ಮೊದಲ್ನೇದು ತೊಟ್ಟಿ ತೊಳೆಯೋ ಪಾಠ. ಎರಡನೇದು ವಾಷರ್‌ದು. ಎರಡೂ ನನ್ನ ಪುಸ್ತಕದ್ದು."

ಮೇಷ್ಟ್ರು ಪಕ್ಕದಲ್ಲಿ ಕೂತರು. "ಹಾಗಾದ್ರೆ ಒಳಗೆ ರಿಬ್ಬನ್ ಕಟ್ಟಿ ಇಟ್ಟಿರೋದು?"

"ನಿಮ್ಮ ಕಾದಂಬರೀನಾ? ಅದು ಬಂದೋರಿಗೆಲ್ಲ ಅಧ್ಯಕ್ಷರು ಕೊಡೋ ಉಡುಗೊರೆ. ತಮ್ಮನ್ನ ಹೊಗಳಿ ಬರ್ದಿರೋದು ಅಂತ ಬಲು ಖುಷಿ ಅವರಿಗೆ."

ಮೇಷ್ಟ್ರು ಮರೆಯದೆ ಹಾಲು ತೆಗೆದುಕೊಂಡು ಹೋದರು. ಈಗ ಅವರು ಬಂದರೆ ವಾಚನಾಲಯದಲ್ಲಿ ಜನ ಎದ್ದು ಜಾಗ ಬಿಡುತ್ತಾರೆ, ನಿಷೇಧಕ್ಕೊಳಗಾದ ಲೇಖಕರಲ್ಲವೇ? ಯಾವ ಪುಸ್ತಕ ಎಂದು ಯಾರೂ ಕೇಳಿಲ್ಲ, ಅವರೂ ಹೇಳಿಲ್ಲ.

ಕುಂಬಳಕಾಯಿ ಕಳ್ಳ ಎಂದಾಗ ಅಧ್ಯಕ್ಷರು ಹೆಗಲು ಮುಟ್ಟಿ ನೋಡಿಕೊಂಡದ್ದು ಸರಿ. ಕದಿಯದ ಮೇಷ್ಟ್ರು ಮುಟ್ಟಿಕೊಂಡದ್ದೂ ಆಯಿತು. ಆದರೆ ಕೊಳಾಯಿಯಣ್ಣ ಬರೆದದ್ದು ಬರೀ ಕೊಳಾಯಿಯ ಬಗ್ಗೆಯೇ? ನಮ್ಮ ಮನೆಯ ನಲ್ಲಿ ಸೋರಿದಾಗ ಬಂದಿದ್ದ, ಅಂಜುತ್ತಲೇ ಕೇಳಿದೆ. ಅವನು ಹಳೇ ವಾಷರ್ ಕಿತ್ತು, ಬೆಳಕಿಗೆ ಹಿಡಿದು, "ಬಹಳ ಕಾಲ ಕೂತಿತ್ತು" ಎಂದ. ಇದಕ್ಕಿಂತ ಹೆಚ್ಚು ನನಗೆ ಗೊತ್ತಿಲ್ಲ.