ಮೂರನೇದಾಕಿ

ಇಬ್ಬರು ಹೆಂಡಿರನ್ನು ಕಳೆದುಕೊಂಡಿದ್ದ ಗುಂಡಾಚಾರ್ರು ಪಕ್ಕದ ಮನೆಯ ರಮಾಬಾಯಿಯನ್ನು ಕೇಳಿಕೊಂಡು ಬಂದಾಗ ಅವಳ ಅಣ್ಣ ಹೂಂ ಅಂದುಬಿಟ್ಟ. "ನಾ ಒಲ್ಲೆ" ಎಂದು ಅವಳು ಅಂದದ್ದನ್ನು ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ.

ಪುರೋಹಿತರು ಮಾತ್ರ ತಲೆ ಅಲ್ಲಾಡಿಸಿದರು. "ಮೂರನೇದಾಕಿ ಉಳಿಯೂದಿಲ್ಲ. ಮೊದಲು ಎಕ್ಕದ ಗಿಡಕ್ಕ ತಾಳಿ ಕಟ್ಟಿ ಕಡದುಬಿಡ್ರಿ. ಅಲ್ಲಿಗೆ ಮೂರನೇದಾಕಿ ತೀರಿಹೋದ್ಲು ಅಂತ ಲೆಕ್ಕ. ಈಕಿ ನಾಲ್ಕನೇದಾಕಿ."

ಆಚಾರ್ರ ಹಿತ್ತಲಲ್ಲಿ ಎಕ್ಕಕ್ಕೆ ಮದುವೆಯಾಯಿತು. ಗಿಡಕ್ಕೆ ಹೊಸ ದಾರ ಯಾಕೆ ದಂಡ ಎಂದು ಅವರು ಅದರದೇ ನಾರು ಸುಲಿದು ತಾಳಿಗೆ ಹೊಸೆದಿದ್ದರು. ಅಕ್ಷತೆ ಬಿದ್ದದ್ದೇ ಕುಡುಗೋಲು ಎತ್ತಿ ಕಡಿದರು.

"ಬೇರುಸಹಿತ ಕೀಳ್ರಿ," ಅಂದರು ಪುರೋಹಿತರು.

"ಬುಡ ಇರ್ಲಿ ಬಿಡ್ರಿ. ಮೊಣಕಾಲು ನೋವಿಗೆ ಎಲಿ ಬಿಸಿಮಾಡಿ ಕಟ್ಟಿಕೊಳ್ಳಲಿಕ್ಕೆ ಬೇಕಾಗ್ತದ."

ಎರಡು ಹಿತ್ತಲ ನಡುವಿನ ಮೋಟು ಗೋಡೆಯ ಈಚೆ ನಿಂತಿದ್ದ ರಮಾಬಾಯಿಗೆ ಈ ಮಾತು ಕೇಳಿಸಿತು. ಅಂದಿನಿಂದ ಅವಳು ಅಕ್ಕಿ ತೊಳೆದ ನೀರನ್ನೆಲ್ಲ ಗೋಡೆಯ ಮೇಲಿಂದ ಆ ಬುಡಕ್ಕೇ ಸುರಿಯತೊಡಗಿದಳು. ಆಗುವ ಗಂಡನ ಮೊಣಕಾಲಿನ ಚಿಂತೆ ತಂಗಿಗೆ ಈಗಲೇ ಹತ್ತಿತಲ್ಲ ಎಂದು ಅಣ್ಣ ಹಿಗ್ಗಿದ.

ಮದುವೆಯ ದಿನ ಬಂತು. ರಮಾಬಾಯಿಯ ಹಿತ್ತಲಲ್ಲಿ ಹಾಕಿದ ಚಪ್ಪರದ ತುಂಬ ಜನ. ವಧೂವರರ ನಡುವೆ ಅಂತರಪಟ ಹಿಡಿಯುವ ಹೊತ್ತಿಗೆ ರಮಾಬಾಯಿ ಗೋಡೆಯಾಚೆ ಬೆರಳು ಮಾಡಿದಳು. ಎಕ್ಕದ ಬುಡದ ಸುತ್ತ ಎಳೆಯ ಚಿಗುರುಗಳು ಒತ್ತಾಗಿ ಎದ್ದು ನಿಂತಿದ್ದವು.

"ಅಲ್ರೀ ಆಚಾರ್ರ," ಅಂದಳು, "ಹಿತ್ತಲದಾಗ ಹೆಂಡ್ತಿ ಬಾಣಂತಿ ಇದ್ದಾಳ, ನಿಮಗ ಇನ್ನೊಂದು ಮದುವೀನ?"